ಬ್ರಿಟಿಷ್ ನಟಿ ಬಾರ್ಬರಾ ಶೆಲ್ಲಿ ಅವರ ಚಿತ್ರಗಳ ಬಗ್ಗೆ ಬಲ್ಲವರು ತಿಳಿಸುವಿರಾ?

ಪ್ರಶ್ನೆ:
1960ರ ‘ವಿಲೇಜ್ ಆಫ್ ದ ಡ್ಯಾಮ್ಡ್’ ಚಿತ್ರದಲ್ಲಿ ಜಾರ್ಜ್ ಸ್ಯಾಂಡರ್ಸ್ ಅವರ ಪತ್ನಿಯಾಗಿ, ತಾನು ಹೆತ್ತ ಮಗುವಿಗೇ ಹೆದರುವ ತಾಯಿಯಾಗಿ ನಟಿಸಿದವರು ನನ್ನ ಮನಸ್ಸಿನಲ್ಲಿ ಉಳಿದಿದ್ದರು. ಮೊನ್ನೆ ‘ಡ್ರಾಕುಲಾ: ಪ್ರಿನ್ಸ್ ಆಫ್ ಡಾರ್ಕ್‌ನೆಸ್’ ನೋಡಿದಾಗ ಹೆಲೆನ್ ಪಾತ್ರವನ್ನು ಮಾಡಿದವರೂ ಅವರೇ ಎಂಬುದು ಹೆಸರುಗಳ ಪಟ್ಟಿ ಓದಿದ ಮೇಲಷ್ಟೇ ತಿಳಿಯಿತು. ಬ್ರಿಟನ್ನಿನ ಭಯಾನಕ ಚಿತ್ರಗಳ ನಿರ್ಮಾಣ ಸಂಸ್ಥೆ ಹ್ಯಾಮರ್‌ನ ನಟರಾದ ಕ್ರಿಸ್ಟೋಫರ್ ಲೀ ಮತ್ತು ಪೀಟರ್ ಕುಶಿಂಗ್ ಕುರಿತು ಬೇಕಾದಷ್ಟು ಬರೆದವರು ಇವರನ್ನು ‘ಹ್ಯಾಮರ್ ಸಂಸ್ಥೆಯ ರಾಣಿ’ ಎಂದು ಕರೆದು ಸುಮ್ಮನಾಗುತ್ತಾರೆ. ಇವರ ವೃತ್ತಿಜೀವನ ಹೇಗೆ ಸಾಗಿತು?

ಉತ್ತರ 1:
ಆ ಬಿರುದು ಅರ್ಧ ಮಾತ್ರ ನಿಜ. 1932ರಲ್ಲಿ ಲಂಡನ್ನಿನಲ್ಲಿ ಹುಟ್ಟಿದ ಶೆಲ್ಲಿ 1950ರ ದಶಕದಲ್ಲಿ ಇಟಲಿಯಲ್ಲಿ ಕೆಲವು ಚಿತ್ರಗಳನ್ನು ಮಾಡಿ ಮರಳಿದವರು. ಅವರನ್ನು ಭಯಾನಕ ಚಿತ್ರಗಳ ದಾರಿಗೆ ತಂದ 1957ರ ‘ಕ್ಯಾಟ್ ಗರ್ಲ್’ ಆಗಲಿ, ನೀವು ಹೇಳಿದ 1960ರ ಚಿತ್ರವಾಗಲಿ ಹ್ಯಾಮರ್ ನಿರ್ಮಾಣದವಲ್ಲ. ಆ ಸಂಸ್ಥೆಯಲ್ಲಿ ಅವರು ಮಾಡಿದ ಮುಖ್ಯ ಭಯಾನಕ ಚಿತ್ರಗಳೆಲ್ಲ 1964ರಿಂದ 1967ರ ನಡುವೆ ಬಂದವು. 1970ರ ದಶಕದಲ್ಲಿ ಅವರು ರಾಯಲ್ ಶೇಕ್ಸ್‌ಪಿಯರ್ ಕಂಪನಿಯ ರಂಗದ ಮೇಲಿದ್ದರು. 1984ರಲ್ಲಿ ‘ಡಾಕ್ಟರ್ ಹೂ’ ಧಾರಾವಾಹಿಯಲ್ಲೂ ಕಾಣಿಸಿಕೊಂಡರು. 2021ರ ಜನವರಿಯಲ್ಲಿ, ತಮ್ಮ 88ನೆಯ ವಯಸ್ಸಿನಲ್ಲಿ ತೀರಿಕೊಂಡರು.

ಉತ್ತರ 2:
ಹೆಲೆನ್ ಪಾತ್ರದ ಬಗ್ಗೆ ಒಂದು ಮಾತು. ಡ್ರಾಕುಲಾನ ಕೋಟೆಗೆ ಹೋಗುವುದು ಬೇಡವೆಂದು ಗೊಣಗುತ್ತ, ಕುತ್ತಿಗೆಯವರೆಗೆ ಗುಂಡಿ ಹಾಕಿಕೊಂಡು ಕೂರುವ ಆ ಗೃಹಿಣಿ ಎಲ್ಲರಿಗೂ ಕಿರಿಕಿರಿಯಾಗುತ್ತಾಳೆ. ವಿಚಿತ್ರವೆಂದರೆ ಆ ಪ್ರವಾಸಿಗಳ ಗುಂಪಿನಲ್ಲಿ ಸರಿಯಾಗಿ ಯೋಚಿಸುವವಳು ಅವಳೊಬ್ಬಳೇ. ರಕ್ತಪಿಶಾಚಿಯಾದ ಮೇಲೆ ಅವಳ ನಡಿಗೆ, ನೋಟ, ನಗು ಎಲ್ಲವೂ ಬದಲಾಗುತ್ತವೆ. ಲೀ ಅವರ ಡ್ರಾಕುಲಾ ಇಡೀ ಚಿತ್ರದಲ್ಲಿ ಒಂದು ಮಾತನ್ನೂ ಆಡುವುದಿಲ್ಲವಾದ್ದರಿಂದ, ಪಿಶಾಚಿಯ ಸೆಳೆತವೆಂಥದ್ದು ಎಂಬುದು ನಮಗೆ ತಿಳಿಯುವುದು ಹೆಲೆನ್ ಮೂಲಕವೇ. ಸನ್ಯಾಸಿಗಳು ಅವಳನ್ನು ಮೇಜಿಗೆ ಅದುಮಿ ಹಿಡಿದು ಎದೆಗೆ ಗೂಟ ಹೊಡೆಯುವ ದೃಶ್ಯವನ್ನು ನನಗೆ ಇಂದಿಗೂ ನೆಮ್ಮದಿಯಿಂದ ನೋಡಲಾಗುವುದಿಲ್ಲ. ಅಂದ ಹಾಗೆ, ಈ ಚಿತ್ರದಲ್ಲಿ ಹೆಲೆನ್ ಚೀರುವ ಧ್ವನಿ ಸಹನಟಿ ಸುಜಾನ್ ಫಾರ್ಮರ್ ಅವರದು. ಭಯಾನಕ ಚಿತ್ರಗಳ ರಾಣಿಗೆ ಚೀರಲು ಬರುತ್ತಿರಲಿಲ್ಲ! ಇದರ ಬೆನ್ನಿಗೇ, ಬ್ರೇ ಸ್ಟುಡಿಯೋದ ಅದೇ ಸೆಟ್ಟುಗಳಲ್ಲಿ ಲೀ, ಶೆಲ್ಲಿ, ಫಾರ್ಮರ್ ಮೂವರೂ ‘ರಾಸ್ಪುಟಿನ್’ ಚಿತ್ರವನ್ನೂ ಮಾಡಿ ಮುಗಿಸಿದರು.

ಉತ್ತರ 3:
1964ರ ‘ದ ಗಾರ್ಗನ್’ ನೋಡದಿದ್ದವರು ಇದನ್ನು ಓದಬೇಡಿ. ಶೆಲ್ಲಿ ಅವರ ಪಾತ್ರವೇ ಹಾವುಗೂದಲಿನ ರಾಕ್ಷಸಿಯಾಗಿ ಬದಲಾಗುವ ಕಥೆಯದು. ಆ ರೂಪವನ್ನೂ ತಾವೇ ನಿರ್ವಹಿಸುವುದಾಗಿಯೂ, ನಿಜವಾದ ಹಾವುಗಳನ್ನು ಸೇರಿಸಿದ ಟೋಪನ್ನಾದರೂ ಧರಿಸುವುದಾಗಿಯೂ ಅವರು ಕೇಳಿಕೊಂಡರು. ನಿರ್ಮಾಪಕರು ಒಪ್ಪದೆ ಪ್ರೂಡೆನ್ಸ್ ಹೈಮನ್ ಅವರಿಗೆ ವೇಷ ಹಾಕಿಸಿದರು. ತೆರೆಯ ಮೇಲಿನ ರಬ್ಬರ್ ಹಾವುಗಳನ್ನು ಕಂಡಾಗ ಶೆಲ್ಲಿ ಹೇಳಿದ್ದೇ ಸರಿಯಿತ್ತು ಎನ್ನಿಸುತ್ತದೆ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಧನ್ಯವಾದಗಳು. ಮುಂದೆ ಯಾವುದನ್ನು ನೋಡಲಿ?

ಉತ್ತರ 1:
1967ರ ‘ಕ್ವಾಟರ್‌ಮಾಸ್ ಆ್ಯಂಡ್ ದ ಪಿಟ್’. ಅದರಲ್ಲಿ ಅವರು ವಿಜ್ಞಾನಿಗಳಿಗೆ ಸಮಾನಳಾಗಿ ಕೆಲಸ ಮಾಡುವ ಬಾರ್ಬರಾ ಜಡ್. ಕೊನೆಯಲ್ಲಿ ಹೆಸರುಗಳು ಮೂಡುವಾಗ ಟಿವಿ ಆರಿಸಬೇಡಿ. ಪಾಳುಬಿದ್ದ ಬೀದಿಯಲ್ಲಿ ಅವರೂ ಕ್ವಾಟರ್‌ಮಾಸ್ ಪಾತ್ರದ ಆ್ಯಂಡ್ರ್ಯೂ ಕೀರ್ ಅವರೂ ಮಾತಿಲ್ಲದೆ ಉಳಿದುಬಿಡುವ ದೃಶ್ಯ ಇರುವುದು ಅಲ್ಲಿಯೇ.