ಅಪ್ಪಯ್ಯನ ದೋಣಿ ಚಿತ್ರಗಳು: ಡ್ರಾಯಿಂಗ್ ಕ್ಲಾಸಿಗೆ ಕಳಿಸಬೇಕಾ, ಬೇಡವಾ?

ಗಂಗೊಳ್ಳಿಯವಳು:

ಎಲ್ಲರಿಗೂ ನಮಸ್ಕಾರ. ನಮ್ಮ ಅಪ್ಪಯ್ಯ ಮೀನಿನ ಬೋಟಿನಲ್ಲಿ ತಾಂಡೇಲರಾಗಿದ್ದವರು, ಅಂದರೆ ಬೋಟ್ ನಡೆಸುವ ಮುಖ್ಯಸ್ಥರು. ಮಂಡಿ ನೋವು ಜಾಸ್ತಿಯಾದ ಮೇಲೆ ಕಡಲಿಗೆ ಹೋಗುವುದು ಬಿಟ್ಟರು. ಈಗ ಜಗಲಿಯಲ್ಲಿ ಕೂತು ಚಿತ್ರ ಬಿಡಿಸುತ್ತಾರೆ. ಯಾರೂ ಹೇಳಿಕೊಟ್ಟದ್ದಲ್ಲ. ರಟ್ಟಿನ ಪೆಟ್ಟಿಗೆ ಕತ್ತರಿಸುವುದು, ಮಳೆಗಾಲದಲ್ಲಿ ಬೋಟಿಗೆ ಬಳಿದು ಉಳಿದ ಪೇಂಟ್ ತರುವುದು, ಶುರು ಮಾಡುವುದು. ಬರೀ ದೋಣಿ, ಬಲೆ, ಅಳಿವೆ. ದೋಣಿ ಸೇತುವೆಗಿಂತ ದೊಡ್ಡದು. ನಮ್ಮ ಮನೆ ಬೆಂಕಿಪೊಟ್ಟಣದಷ್ಟು. ಆದರೆ ಯಾವ ಹಗ್ಗ ಎಲ್ಲಿಗೆ ಕಟ್ಟುತ್ತಾರೆ ಅನ್ನುವುದು ಒಂದೂ ತಪ್ಪುವುದಿಲ್ಲ.

ತಮ್ಮ ಹೇಳುತ್ತಾನೆ, ಕುಂದಾಪುರದಲ್ಲಿ ಡ್ರಾಯಿಂಗ್ ಕ್ಲಾಸಿದೆ, ಸೇರಿಸೋಣ, ಅಳತೆ ಸರಿಯಾಗುತ್ತದೆ ಅಂತ. ನಾನು ಕೆಲಸದ ಮೇಲೆ ಇಂಗ್ಲೆಂಡಿನ ಕೇಂಬ್ರಿಡ್ಜ್‌ನಲ್ಲಿದ್ದೇನೆ. ಇಲ್ಲಿ ಕೆಟಲ್ಸ್ ಯಾರ್ಡ್ ಅಂತ ಒಂದು ಮನೆ ಇದೆ. ಲಂಡನ್ನಿನ ಟೇಟ್ ಕಲಾ ಗ್ಯಾಲರಿಯಲ್ಲಿ ಕೆಲಸ ಮಾಡಿದ್ದ ಜಿಮ್ ಈಡ್ ಅನ್ನುವವರು ತಾವು ಕೂಡಿಟ್ಟ ಚಿತ್ರಗಳ ಸಮೇತ ಅದನ್ನು ವಿಶ್ವವಿದ್ಯಾಲಯಕ್ಕೆ ಕೊಟ್ಟರು. ಅಲ್ಲಿ ಆಲ್ಫ್ರೆಡ್ ವಾಲಿಸ್ ಅವರ ಚಿತ್ರ ನೋಡಿ ನಿಂತೇ ಬಿಟ್ಟೆ. ಅವರೂ ಕಡಲಿನವರು. ಹಾಯಿ ಹಡಗಿನಲ್ಲಿ ನ್ಯೂಫೌಂಡ್‌ಲ್ಯಾಂಡ್‌ವರೆಗೆ ಹೋಗಿ ಬಂದವರು. ಆಮೇಲೆ ಕಾರ್ನ್‌ವಾಲ್‌ನ ಸೇಂಟ್ ಐವ್ಸ್‌ನಲ್ಲಿ ಹಳೆ ಹಗ್ಗ, ಹಾಯಿ, ಕಬ್ಬಿಣದ ಗುಜರಿ ಅಂಗಡಿ ಇಟ್ಟಿದ್ದರು. 1922ರಲ್ಲಿ ಹೆಂಡತಿ ತೀರಿಕೊಂಡರು. ಅದಾಗಿ ಕೆಲವು ವರ್ಷಕ್ಕೆ, ಸುಮಾರು 70ನೇ ವಯಸ್ಸಿನಲ್ಲಿ, ಒಂಟಿತನ ಕಳೆಯಲು ಬ್ರಷ್ ಹಿಡಿದರು. ಅದೇ ರಟ್ಟು, ಅದೇ ಬೋಟಿನ ಪೇಂಟ್. ಅಲ್ಲೂ ದೋಣಿ ದೊಡ್ಡದು, ಮನೆ ಚಿಕ್ಕದು!

ಯಾರಿಂದಲೂ ಕಲಿಯದೆ ತಾವೇ ಬಿಡಿಸುವ ಇಂಥ ಚಿತ್ರಕ್ಕೆ ನೈವ್ ಆರ್ಟ್ ಅನ್ನುತ್ತಾರಂತೆ. ನನ್ನ ಪ್ರಶ್ನೆ ಇಷ್ಟೇ. ಕ್ಲಾಸಿಗೆ ಸೇರಿಸಿದರೆ ಅಪ್ಪಯ್ಯನ ಕೈಯಲ್ಲಿರುವುದು ಹಾಳಾಗುತ್ತದಾ? ಒಳ್ಳೆ ಕ್ಯಾನ್ವಾಸ್, ಟ್ಯೂಬ್ ಕಲರ್ ಕಳಿಸಲಾ? ಅಥವಾ ಸುಮ್ನೆ ಬಿಟ್ಟುಬಿಡಲಾ?

ಧಾರವಾಡದ ಬ್ರಷ್ ಮಾಸ್ತರ:

ತಂಗಿ, ಕ್ಲಾಸಿಗೆ ಬೇಡ. ನಾನೇ ಡ್ರಾಯಿಂಗ್ ಮಾಸ್ತರನಾಗಿದ್ದವನು, ಆದರೂ ಹೇಳುತ್ತೇನೆ. ನಾವು ಮೊದಲು ಕಲಿಸುವುದೇ ದೂರದ್ದು ಚಿಕ್ಕದು, ಹತ್ತಿರದ್ದು ದೊಡ್ಡದು ಅನ್ನುವುದು. ಅದು ಒಂದು ಜಾಗದಲ್ಲಿ ನಿಂತು ನೋಡುವವನ ಲೆಕ್ಕ. ನಿಮ್ಮ ತಂದೆ ನಿಂತು ನೋಡಿದವರಲ್ಲ, ಅಳಿವೆಯೊಳಗೆ ಬೋಟ್ ತಂದವರು. ಎಡಕ್ಕೆ ಮರಳು ದಿಬ್ಬ, ಬಲಕ್ಕೆ ಬಂಡೆ, ಹಿಂದೆ ತೆರೆ. ಆ ಹೊತ್ತಿನಲ್ಲಿ ಸೇತುವೆ ಎಷ್ಟು ಉದ್ದ ಅಂತ ಯಾರು ನೋಡುತ್ತಾರೆ?

ವಾಲಿಸ್ ಅವರ ಬಂದರಿನ ಚಿತ್ರಗಳನ್ನು ಇನ್ನೊಮ್ಮೆ ನೋಡಿ. ನೀರು ಮೇಲಿನಿಂದ ಕಂಡ ಹಾಗೆ, ದೋಣಿ ಪಕ್ಕದಿಂದ ಕಂಡ ಹಾಗೆ, ಮನೆಗಳು ಒಂದೊಂದು ಒಂದೊಂದು ದಿಕ್ಕಿಗೆ. ಬಂದರಿನ ಸುತ್ತ ಓಡಾಡಿದವನಿಗೆ ಅದು ಹಾಗೇ ಗೊತ್ತಿರುವುದು. ಇನ್ನೊಂದು, ಅವರು ರಟ್ಟನ್ನು ಚೌಕ ಮಾಡುತ್ತಿರಲಿಲ್ಲ. ಓರೆಯಾಗಿ ಹರಿದಿದ್ದರೆ ಆ ಓರೆಗೇ ಹೊಂದಿಸಿ ಹಡಗು ಕೂರಿಸುತ್ತಿದ್ದರು. ಕೆಲವು ಕಡೆ ರಟ್ಟಿನ ಕಂದು ಬಣ್ಣವನ್ನೇ ಹಾಗೆ ಬಿಟ್ಟಿದ್ದಾರೆ. ಇದು ಗೊತ್ತಿಲ್ಲದೆ ಆಗುವ ಕೆಲಸವಲ್ಲ. ಹಾಗಾಗಿ ಕ್ಯಾನ್ವಾಸ್ ಕಳಿಸಬೇಡಿ, ರಟ್ಟು ಸಾಕು.

ದಾವಣಗೆರೆ ಬೋರ್ಡ್ ಪೇಂಟರ್:

ಮಾಸ್ತರ ಮಾತು ಅರ್ಧ ಒಪ್ಪುತ್ತೇನೆ. ಕಲಿತರೆ ಹಾಳಾಗುತ್ತಾರೆ ಅನ್ನುವುದನ್ನು ಒಪ್ಪಲ್ಲ. ಅದು ಕಲಿತವರು ಕಲಿಯದವರ ಬಗ್ಗೆ ಹೇಳುವ ಮಾತು. ಪ್ಯಾರಿಸ್ಸಿನ ಸುಂಕದ ಕಟ್ಟೆಯಲ್ಲಿ ಗುಮಾಸ್ತರಾಗಿದ್ದ ಆನ್ರಿ ರೂಸೋ ಕಾಡು, ಹುಲಿ ಎಲ್ಲ ಬಿಡಿಸಿದರಲ್ಲ, ಅವರು ಫ್ರಾನ್ಸ್ ಬಿಟ್ಟು ಹೋದವರೇ ಅಲ್ಲ. ಸಸ್ಯೋದ್ಯಾನಕ್ಕೆ ಹೋಗಿ ಗಿಡ ನೋಡಿ ಬರುತ್ತಿದ್ದರು. ಅವರಿಗೆ ಇದ್ದ ಆಸೆ ಅಕಾಡೆಮಿಯ ದೊಡ್ಡ ಚಿತ್ರಕಾರರ ಹಾಗೆ ಬಿಡಿಸಬೇಕು ಅಂತ. ಬೇರೆಯವರು ಅದನ್ನು ಮುಗ್ಧತೆ ಅಂದರು.

ನಾನು ಬೋರ್ಡ್ ಬರೆದು ಬದುಕಿದವನು. ಫ್ಲೆಕ್ಸ್ ಬಂದ ಮೇಲೆ ಕೆಲಸ ಕಮ್ಮಿ. ನನಗೆ ಇಷ್ಟದವರು ಜಾರ್ಜಿಯಾದ ನಿಕೋ ಪಿರೋಸ್ಮಾನಿ. ಅವರೂ ನಮ್ಮ ಕಸುಬಿನವರೇ, ಟಿಬಿಲಿಸಿಯ ಹೆಂಡದಂಗಡಿಗಳಿಗೆ ಬೋರ್ಡು, ಗೋಡೆಗೆ ಚಿತ್ರ. ಎಷ್ಟೋ ಸಲ ಊಟ, ಕುಡಿತವೇ ಕೂಲಿ. ಕಪ್ಪು ಆಯಿಲ್‌ಕ್ಲಾತ್ ಮೇಲೆ ಬಿಡಿಸುತ್ತಿದ್ದರು. ಕಪ್ಪು ಬೇಕಾದ ಕಡೆ ಬಣ್ಣ ಹಚ್ಚುತ್ತಲೇ ಇರಲಿಲ್ಲ, ಬಟ್ಟೆಯನ್ನೇ ಬಿಡುತ್ತಿದ್ದರು. ಪೇಂಟ್ ಉಳಿಯಿತು, ಕೆಲಸ ಬೇಗ ಆಯಿತು, ಪ್ರಾಣಿಯ ಕಣ್ಣು ಕತ್ತಲೊಳಗಿಂದ ನೋಡಿದ ಹಾಗೂ ಆಯಿತು. ಬೋರ್ಡ್ ಬರೆದವನಿಗೆ ಇದು ತಟ್ಟನೆ ಅರ್ಥ ಆಗುತ್ತದೆ.

ಈಗ ಕೆಲಸದ ಮಾತು. ಎನಾಮಲ್ ಪೇಂಟನ್ನು ಬರೀ ರಟ್ಟಿಗೆ ಹಚ್ಚಿದರೆ ರಟ್ಟು ಎಣ್ಣೆ ಕುಡಿಯುತ್ತದೆ, ಮುಂದೆ ಪುಡಿಯಾಗುತ್ತದೆ. ಮೊದಲು ಪ್ರೈಮರ್ ಹೊಡೆಯಲಿ. ಎರಡೂ ಕಡೆ ಹೊಡೆಯಬೇಕು, ಒಂದೇ ಕಡೆ ಹೊಡೆದರೆ ಬಾಗುತ್ತದೆ. ಪ್ಲೈವುಡ್ ತುಂಡು ಸಿಕ್ಕರೆ ಇನ್ನೂ ಒಳ್ಳೇದು. ಕರಾವಳಿಯ ತೇವಕ್ಕೆ ಗೋಡೆಗೆ ಒರಗಿಸಿ ಇಡಬೇಡಿ. ಥಿನ್ನರ್ ವಾಸನೆ ಇರುತ್ತದೆ, ಜಗಲಿಯಲ್ಲೇ ಕೂರಲಿ.

ಓದುಗ 81:

ಎಲ್ಲ ಚೆಂದ. ವಾಲಿಸ್ ಕಥೆಯ ಕೊನೆಯನ್ನೂ ಹೇಳಿ. 1928ರಲ್ಲಿ ಬೆನ್ ನಿಕೋಲ್ಸನ್, ಕ್ರಿಸ್ಟೋಫರ್ ವುಡ್ ಅನ್ನುವ ಕಲಿತ ಚಿತ್ರಕಾರರು ತೆರೆದ ಬಾಗಿಲಲ್ಲಿ ಇಣುಕಿ ಅವರನ್ನು 'ಕಂಡುಹಿಡಿದರು'. ವಾಲಿಸ್ ಅವರಿಂದ ಈ ಇಬ್ಬರ ಚಿತ್ರದ ದಾರಿಯೇ ಬದಲಾಯಿತು. ವಾಲಿಸ್ ಚಿತ್ರಗಳನ್ನು ಕಟ್ಟು ಕಟ್ಟಿ ಅಂಚೆಯಲ್ಲಿ ಈಡ್‌ಗೆ ಕಳಿಸುತ್ತಿದ್ದರು. ಅಳತೆ ನೋಡಿ ಒಂದಕ್ಕೆ 1, 2 ಅಥವಾ 3 ಶಿಲಿಂಗ್. 1942ರಲ್ಲಿ ಅವರು ಸತ್ತದ್ದು ಮ್ಯಾಡ್ರನ್‌ನ ವರ್ಕ್‌ಹೌಸ್‌ನಲ್ಲಿ, ಅಂದರೆ ಗತಿಯಿಲ್ಲದ ಬಡವರನ್ನು ಇಡುತ್ತಿದ್ದ ಮನೆಯಲ್ಲಿ. ಸಮಾಧಿಗೆ ಹೆಸರಾಂತ ಕುಂಬಾರ ಕಲಾವಿದ ಬರ್ನಾರ್ಡ್ ಲೀಚ್ ಮಾಡಿದ ಹೆಂಚು ಹಾಸಿದ್ದಾರೆ, ನಿಜ, ಚೆನ್ನಾಗೂ ಇದೆ. ಬದುಕಿದ್ದಾಗ ಇನ್ನೊಂದಿಷ್ಟು ಕಾಸು ಕೊಟ್ಟಿದ್ದರೆ ಆಗುತ್ತಿರಲಿಲ್ಲವಾ?

ಯಾರಾದರೂ ನಿಮ್ಮ ತಂದೆಯ ಚಿತ್ರ ಕೇಳಿಕೊಂಡು ಬಂದರೆ ಪ್ರೀತಿಗೆ ಅಂತ ಕೊಟ್ಟು ಕಳಿಸಬೇಡಿ. ಹಿಂದೆ ಹೆಸರು, ಇಸವಿ ಬರೆಸಿ. ಫೋಟೋ ತೆಗೆದಿಡಿ.

ಗಂಗೊಳ್ಳಿಯವಳು:

ಎಲ್ಲರಿಗೂ ಥ್ಯಾಂಕ್ಸ್. ನಿನ್ನೆ ಫೋನಿನಲ್ಲಿ ಎಲ್ಲ ಓದಿ ಹೇಳಿದೆ. ಪ್ರೈಮರ್ ವಿಷಯಕ್ಕೆ 'ಅದು ನಂಗೊತ್ತಿಲ್ವಾ, ಬೋಟಿಗೆ ಹೊಡೀತಿರ್ಲಿಲ್ವಾ, ರಟ್ಟಿಗ್ಯಾಕೆ ದಂಡ ಅಂತ ಬಿಟ್ಟದ್ದು' ಅಂದರು. ವಾಲಿಸ್ ಚಿತ್ರಗಳನ್ನು ವಾಟ್ಸಾಪಿನಲ್ಲಿ ಕಳಿಸಿದ್ದೆ. ಹೊಗಳಲೂ ಇಲ್ಲ, ತೆಗಳಲೂ ಇಲ್ಲ. ಯಾವ ಕಂಪನಿಯ ಪೇಂಟ್ ಅಂತ ಕೇಳಿದರು, ಅಷ್ಟೇ.

ಹೆಸರು ಬರೆಯಲು ಒಪ್ಪಿದ್ದಾರೆ. ಆದರೆ ತಮ್ಮ ಹೆಸರಲ್ಲ, ಬೋಟಿನ ಹೆಸರಂತೆ. ಇರಲಿ, ಇಸವಿ ನಾನು ಹಾಕಿಸುತ್ತೇನೆ.

ಕ್ಲಾಸಿನ ಮಾತಿಗೆ ಅವರದೇ ಒಂದು ಬೇಡಿಕೆ ಬಂತು. ದೋಣಿ, ಸೇತುವೆ ಎಲ್ಲ ಇದ್ದ ಹಾಗೇ ಇರಲಿ ಅಂತೆ. ಬಲೆ ಎಳೆಯುವವರ ಕೈ ಮಾತ್ರ ಸರಿ ಬರುತ್ತಿಲ್ಲ, ಬೆರಳು ಹಗ್ಗದ ಸುತ್ತ ಕೂರುವುದಿಲ್ಲ, ಅದನ್ನು ಯಾರಾದರೂ ತೋರಿಸಿದರೆ ಸಾಕಂತೆ. ಬೋರ್ಡ್ ಪೇಂಟರ್ ಅಣ್ಣ ಹೇಳಿದ್ದು ಇದನ್ನೇ ಅಲ್ವಾ? ಕುಂದಾಪುರ, ಬೈಂದೂರು ಕಡೆ ಮನೆಗೆ ಬಂದು ಕೈ ಬಿಡಿಸುವುದಷ್ಟೇ ಹೇಳಿಕೊಡುವವರು ಇದ್ದರೆ ತಿಳಿಸಿ. ತಿಂಗಳ ಕೋರ್ಸ್ ಬೇಡ. ಮೀನು ಸಾರಿನ ಊಟ ಗ್ಯಾರಂಟಿ. ಫೀಸು ಬೇರೆ.