ಇದು ಮನೆಯೋ, ಪೀಜಿಯೋ?

"ಎರಡು ಮನೆ ಅಂತ ಪ್ಲಾನ್ ಸ್ಯಾಂಕ್ಷನ್ ಆಗಿದೆ. ಈಗ ಮೆಟ್ಟಿಲ ಮೇಲೆ ಅರವತ್ತು ಜೊತೆ ಚಪ್ಪಲಿ!" ಅಂತ ಸೀನ ಬೈಟು ಕಾಫಿಯ ಎರಡೂ ಲೋಟವನ್ನು ತನ್ನ ಕಡೆಗೇ ಎಳೆದುಕೊಂಡ. ಪಕ್ಕದ ಮನೆಯವರು ಪೀಜಿ ಶುರು ಮಾಡಿದ್ದಾರೆ. ಬೆಳಗಿನ ಜಾವ ಟ್ಯಾಂಕರ್ ಬರುತ್ತದೆ, ಗಾಡಿಗಳೆಲ್ಲ ಇವನ ಗೇಟಿಗೇ ಒರಗುತ್ತವೆ. ಮೊನ್ನೆ ಅವರ ತಾರಸಿಯಿಂದ ಹಾರಿಬಂದ ಬನಿಯನ್ ಇವನ ತುಳಸಿಕಟ್ಟೆಯ ಮೇಲೆ ಕೂತಿತ್ತಂತೆ.

"ವಾಸದ ಮನೇಲಿ ವ್ಯಾಪಾರ! ಕೇಸ್ ಹಾಕಬಹುದಲ್ವಾ ಮೂರ್ತಿ?"

ಮೂರ್ತಿ ವಕೀಲ. ಕಾನೂನು ಹೇಳುವಾಗ ವಡೆ ಮುಟ್ಟುವುದಿಲ್ಲ. ಹಾಗಾಗಿ ಅದನ್ನು ನಾವು ಮುಟ್ಟುತ್ತೇವೆ.

"ವ್ಯಾಪಾರ ಅಂತ ಯಾರು ಹೇಳಿದ್ದು?" ಅಂದ. "2022ರಲ್ಲಿ ನಮ್ಮ ಹೈಕೋರ್ಟೇ ಹೇಳಿದೆ. ವಿದ್ಯಾರ್ಥಿಗಳು, ಕೆಲಸಕ್ಕೆ ಹೋಗುವವರು ಉಳಿದುಕೊಳ್ಳೋ ಹಾಸ್ಟೆಲ್‌ಗೆ ಕಟ್ಟಡ ಬಾಡಿಗೆಗೆ ಕೊಟ್ಟರೆ ಅದು ವಾಸದ ಮನೆಯೇ. ಆಗಿನ ನಿಯಮದ ಪ್ರಕಾರ ಜಿಎಸ್‌ಟಿ ಇಲ್ಲ ಅಂತ."

"ಹಾಗಾದ್ರೆ ಮನೆ!" ಅಂದಳು ರಾಜಿ.

"ಜಿಎಸ್‌ಟಿ ಮಟ್ಟಿಗೆ ಮನೆ. ಪಾಲಿಕೆಗೆ ಹೋದರೆ ಲೈಸೆನ್ಸ್ ಎಲ್ಲಿ ಅಂತಾರೆ. 2024ರಲ್ಲಿ ಪೀಜಿಗಳಿಗೆ ನಿಯಮ ಮಾಡಿದರಲ್ಲ, ತಲೆಗೆ 70 ಚದರ ಅಡಿ ಜಾಗ, ದಿನಕ್ಕೆ 135 ಲೀಟರ್ ನೀರು, ಸಿಸಿಟಿವಿ."

"ನೂರ ಮೂವತ್ತೈದು ಲೀಟರಾ?" ಸೀನನ ಮುಖ ನೋಡಬೇಕಿತ್ತು. "ನಮ್ಮ ಮನೇಲೇ ಅಷ್ಟು ಬರಲ್ಲ. ನಾನೇ ಪೀಜಿಗೆ ಸೇರಿಬಿಡ್ತೀನಿ."

"ಸೇರು. ನಿನ್ನ ಹೆಂಡತಿಗೂ ನೆಮ್ಮದಿ," ಅಂದಳು ರಾಜಿ.

ರಸ್ತೆ ಅಗಲದ ಮಾತೂ ಬಂತು. ಬೆಂಗಳೂರಲ್ಲಿ ವ್ಯಾಪಾರ ಅಂದ ಕೂಡಲೇ ನಲವತ್ತು ಅಡಿ ರಸ್ತೆ ಉಂಟಾ ಅಂತಲೇ ಜಗಳ. ದಾಖಲೆಯಲ್ಲಿ ನಲವತ್ತು ಇರಬಹುದು. ಅದರಲ್ಲಿ ಎಲ್ಲರ ಮನೆ ಮೆಟ್ಟಿಲು, ಇಳಿಜಾರು, ಹೂಕುಂಡ ಕಳೆದರೆ ಟ್ಯಾಂಕರ್ ತಿರುಗುವಷ್ಟು ಉಳಿದರೆ ಪುಣ್ಯ. ಸೀನನ ಹೂಕುಂಡಗಳೂ ರಸ್ತೆಯಲ್ಲೇ ಇವೆ. ನಾನು ಸುಮ್ನಿದ್ದೆ.

"ದಿಲ್ಲಿ ಥರ ಬೀಗ ಜಡೀಬೇಕು ಇವರಿಗೆಲ್ಲ!" ಅಂತ ಸೀನ ಮೇಜು ಕುಟ್ಟಿದ.

"ದಿಲ್ಲಿ ಕತೆ ಪೂರ್ತಿ ಕೇಳು," ಅಂದ ಮೂರ್ತಿ. "2006ರ ಫೆಬ್ರವರಿಯಲ್ಲಿ ಎಂ.ಸಿ. ಮೆಹ್ತಾ ಕೇಸಲ್ಲಿ ಸುಪ್ರೀಂ ಕೋರ್ಟು, ಮನೆಗಳಲ್ಲಿರೋ ಅಂಗಡಿಗಳಿಗೆ ಬೀಗ ಹಾಕಿ ಅಂತು. ಅಂಗಡಿಯವರು ಬೀದಿಗಿಳಿದರು. ಆ ವರ್ಷವೇ ಸರ್ಕಾರ ಅವರನ್ನು ಉಳಿಸೋಕೆ ಕಾಯ್ದೆ ತಂತು. ಮುಂದಿನ ವರ್ಷ, ಯಾವ ಜಾಗದಲ್ಲಿ ಏನಿರಬಹುದು ಅಂತ ಹೇಳೋ ಹೊಸ ಮಾಸ್ಟರ್ ಪ್ಲಾನ್ ಬಂತು. ಎಷ್ಟೋ ರಸ್ತೆಗಳಲ್ಲಿ ಶುಲ್ಕ ಕಟ್ಟಿದರೆ ಕೆಳಗೆ ಅಂಗಡಿ ಇಡಬಹುದು ಅಂತಾಯ್ತು."

"ಅಂದ್ರೆ ಬೀಗ ಹಾಕಿಸಿದವರಿಗೆ ಏನು ಸಿಕ್ತು?"

"ಕೋರ್ಟಿನ ಮುಂದಿನ ತಾರೀಕು. ನೊಯ್ಡಾದಲ್ಲಿ ಮಾತ್ರ 2011ರಲ್ಲಿ ಸುಪ್ರೀಂ ಕೋರ್ಟು ಬಿಡಲಿಲ್ಲ. ಮನೆಗಳಲ್ಲಿದ್ದ ಬ್ಯಾಂಕುಗಳನ್ನೇ ಎಬ್ಬಿಸಿತು."

ರಾಜಿಗೆ ಅಷ್ಟರಲ್ಲಿ ಭಯ ಶುರುವಾಗಿತ್ತು. ಅವಳು ಮನೆಯಲ್ಲೇ ಬ್ಲೌಸ್ ಹೊಲಿಯುತ್ತಾಳೆ. ಹಾಲಿನಲ್ಲಿ ಒಂದು ಮಷಿನ್ನು, ಬಾಗಿಲಿಗೆ ಅಳತೆ ಚೀಟಿಗಳ ತೋರಣ.

"ನೀನು ಹೆದರಬೇಡ," ಅಂದ ಮೂರ್ತಿ. "ನಮ್ಮ 2015ರ ಮಾಸ್ಟರ್ ಪ್ಲಾನಲ್ಲೇ ಸಣ್ಣಪುಟ್ಟದಕ್ಕೆ ದಾರಿ ಇದೆ. ಕಟ್ಟಡದ ನೂರಕ್ಕೆ 20 ಭಾಗ ಇಲ್ಲಾ 50 ಚದರ ಮೀಟರ್ ಅನ್ನೋ ಲೆಕ್ಕ. ಡಾಕ್ಟರು, ವಕೀಲರೆಲ್ಲ ಸ್ವಂತ ಮನೇಲಿ ಆಫೀಸ್ ಇಡೋದು ಇದರಡಿಯಲ್ಲೇ."

"ಸರಿ, ನಾಳೆನೇ ಪೇಪರ್ ತರ್ತೀನಿ. ನಿನ್ನ ಆಫೀಸಿಗೇ ಬರಲಾ?" ಅಂತ ಸೀನ ಎದ್ದ.

"ಆಫೀಸು ಅವನ ಮನೆ ಕೆಳಗಡೆ ತಾನೇ?" ರಾಜಿ ಬ್ಯಾಗಿನಿಂದ ಟೇಪು ತೆಗೆದಳು. "ಮೂರ್ತಿ, ಅದೆಷ್ಟು ಚದರ ಮೀಟರ್?"

ಮೂರ್ತಿ ಕೊನೆಗೂ ವಡೆಗೆ ಕೈ ಹಾಕಿದ. ತಟ್ಟೆಯಲ್ಲಿ ಚಟ್ನಿ ಮಾತ್ರ ಇತ್ತು.

"ಫೈಲ್ ರೂಮು ಬಿಟ್ಟು ಅಳೆದರೆ," ಅಂದ, "ನಲವತ್ತೊಂಬತ್ತು."