ಎಕ್ಸಾನ್ 20ಕ್ಕೆ ಅಮಿವಾಂಟಮ್ಯಾಬ್: ಕೀಮೋ ಜೊತೆಗಾ, ಕೀಮೋ ಆದ ಮೇಲಾ?

ಮದ್ದೂರು (ಪ್ರಶ್ನೆ): ಅಪ್ಪನಿಗೆ 64 ವರ್ಷ, 58 ಕೆಜಿ, ಶುಗರ್ ಇದೆ. ಶ್ವಾಸಕೋಶದ ಕ್ಯಾನ್ಸರ್, ನಾಲ್ಕನೇ ಹಂತ. ಎನ್‌ಜಿಎಸ್‌ನಲ್ಲಿ (ಗಡ್ಡೆಯ ಜೀನ್ ಪರೀಕ್ಷೆ) ಇಜಿಎಫ್‌ಆರ್ ಎಕ್ಸಾನ್ 20 ಇನ್ಸರ್ಷನ್ ಅನ್ನೋ ಜೀನ್ ಬದಲಾವಣೆ ಬಂದಿದೆ. ಕೀಮೋ ಜೊತೆಗೇ ಅದಕ್ಕೆ ಗುರಿಯಿಟ್ಟ ಅಮಿವಾಂಟಮ್ಯಾಬ್ ಅನ್ನೋ ಡ್ರಿಪ್ ಮದ್ದು ಶುರು ಮಾಡೋಣ ಅಂತಾರೆ ಡಾಕ್ಟರು. ಕೊಡಿಸಿದವರು ದಯವಿಟ್ಟು ಹೇಳಿ.

ಕುವೆಂಪುನಗರ: ಜೊತೆಗೇ ಕೊಡಿಸಿ. ನಾವು ಆರಿಸಿದ್ದೂ ಅದೇ, ಇವತ್ತಿಗೂ ಅದೇ ಸರಿ ಅಂತೀನಿ. ಪ್ಯಾಪಿಲನ್ ಟ್ರಯಲ್‌ನಲ್ಲಿ ಬರೀ ಕೀಮೋ ತಗೊಂಡವರಲ್ಲಿ ಕಾಯಿಲೆ ಹತೋಟಿಯಲ್ಲಿದ್ದ ಮಧ್ಯಮ ಅವಧಿ 6.7 ತಿಂಗಳು, ಸೇರಿಸಿ ತಗೊಂಡವರಲ್ಲಿ 11.4. 80 ಕೆಜಿಗಿಂತ ಕಮ್ಮಿ ಇದ್ದರೆ ವಾರಕ್ಕೆ 1400 ಮಿಗ್ರಾಂ, ಅಂದ್ರೆ 350ರ ವಯಲು (ಮದ್ದಿನ ಸೀಸೆ) ನಾಲ್ಕು. ನಾಲ್ಕು ವಾರಕ್ಕೆ ಹದಿನಾರು. ಏಳನೇ ವಾರದಿಂದ ಮೂರು ವಾರಕ್ಕೊಮ್ಮೆ 1750, ಐದು ವಯಲು. ಬಿಲ್ಲಲ್ಲಿ ಜಿಎಸ್‌ಟಿ ಹಾಕಿದ್ರೆ ಬಿಡಬೇಡಿ, 2025ರ ಸೆಪ್ಟೆಂಬರ್ 22ರಿಂದ ಇದಕ್ಕೆ ಸೊನ್ನೆ.

ಶ್ರೀರಂಗಪಟ್ಟಣ: ಹದಿನಾರು ವಯಲು ಅಂತ ಬಾಯಲ್ಲಿ ಹೇಳೋದು ಸುಲಭ. ಆಯುಷ್ಮಾನ್ ಕಾರ್ಡಿನ ಮಿತಿಯೇ ಇಡೀ ಮನೆಗೆ ವರ್ಷಕ್ಕೆ 5 ಲಕ್ಷ. ಕಾರ್ಬೋಪ್ಲಾಟಿನ್, ಪೆಮೆಟ್ರೆಕ್ಸೆಡ್ ಕೀಮೋ ಮುಗಿಸಿ ಆಮೇಲೆ ಇದೊಂದನ್ನೇ ಕೊಡಿಸಿದ್ವಿ: 1050 ಮಿಗ್ರಾಂ, ಮೂರೇ ವಯಲು. ಐದು ವಾರ ವಾರಕ್ಕೊಂದು, ಏಳನೇ ವಾರದಿಂದ ಎರಡು ವಾರಕ್ಕೊಂದು.

ಕುವೆಂಪುನಗರ: ಅಲ್ಲೂ ಹದಿನೈದಾಯ್ತಲ್ಲ ರೀ! ಆಮೇಲೆ ಆರು ವಾರಕ್ಕೆ ನಿಮ್ಮದು ಒಂಬತ್ತು, ನಮ್ಮದು ಹತ್ತು. ಏನು ಉಳಿಸಿದ್ರಿ?

ಶ್ರೀರಂಗಪಟ್ಟಣ: ರಕ್ತ ಉಳಿಸಿದ್ವಿ. ಸೇರಿಸಿ ಕೊಟ್ರೆ ನ್ಯೂಟ್ರೋಫಿಲ್ (ಸೋಂಕು ತಡೆಯೋ ಬಿಳಿ ರಕ್ತಕಣ) ಬೀಳೋದು ಜಾಸ್ತಿ. ಅದನ್ನ ಯಾಕೆ ಹೇಳಲ್ಲ ನೀವು?

ಡೇಕೇರ್ ನರ್ಸ್, ಮೈಸೂರು: ನಿಮ್ಮಿಬ್ಬರ ಲೆಕ್ಕದಲ್ಲಿ ಮೊದಲ ಡೋಸಿನ ಮಾತೇ ಇಲ್ಲ. ಇದೊಂದನ್ನೇ ಕೊಟ್ಟಾಗ ಮೂವರಲ್ಲಿ ಇಬ್ಬರಿಗೆ, ಕೀಮೋ ಜೊತೆ ಅದಕ್ಕಿಂತ ಕಮ್ಮಿ ಜನಕ್ಕೆ ರಿಯಾಕ್ಷನ್ ಆಗೋದೇ ಆಗ: ಚಳಿನಡುಕ, ಮುಖ ಕೆಂಪಾಗೋದು, ಉಸಿರು ಕಟ್ಟೋದು. ಅದಕ್ಕೇ ಎರಡು ದಿನಕ್ಕೆ ಹಂಚೋದು: ಮೊದಲ ದಿನ 350, ಮಿಕ್ಕಿದ್ದು ಮಾರನೇ ದಿನ. ಮದ್ದೂರಿಗೆ ವಾಪಸ್ ಓಡಾಡಬೇಡಿ, ರಾತ್ರಿ ಇಲ್ಲೇ ಉಳೀರಿ. 250 ಮಿಲಿ ಬ್ಯಾಗಿಂದ 7 ಮಿಲಿ ತೆಗೆದು ವಯಲಿನ 7 ಮಿಲಿ ಸೇರಿಸ್ತೀವಿ, ಕುಲುಕಲ್ಲ. ಲೈನಿಗೆ 0.2 ಮೈಕ್ರಾನ್ ಫಿಲ್ಟರ್ ಬೇಕೇ ಬೇಕು. ಮೊದಲ ದಿನ ಗಂಟೆಗೆ 50 ಮಿಲಿಯಿಂದ ಶುರು. ಮೊದಲೆರಡು ವಾರ ಪೋರ್ಟ್ (ಎದೆಯಲ್ಲಿ ಕೂರಿಸೋ ನಳಿಗೆ) ಬೇಡ, ಕೈ ನರದಲ್ಲೇ. ಮೊದಲ ಡೋಸಿನ ಹಿಂದಿನ ಎರಡು ದಿನ ಡೆಕ್ಸಾಮೆಥಾಸೋನ್ ಅನ್ನೋ ಸ್ಟೀರಾಯ್ಡ್ 8 ಮಿಗ್ರಾಂ ದಿನಕ್ಕೆರಡು ಸಲ, ಆ ದಿನ ಗಂಟೆ ಮುಂಚೆ ಒಂದು ಕೊಟ್ಟ ಸ್ಕಿಪ್ಪರ್ ಅಧ್ಯಯನದಲ್ಲಿ ರಿಯಾಕ್ಷನ್ 22.5 ಶೇಕಡಾಕ್ಕೆ ಇಳೀತು. ಸ್ಟೀರಾಯ್ಡಿಗೆ ಶುಗರ್ ಏರುತ್ತೆ, ಇನ್ಸುಲಿನ್ ಡೋಸ್ ಮೊದಲೇ ಕೇಳಿಟ್ಕೊಳ್ಳಿ.

ಪಾಂಡವಪುರ: ಈ ಮದ್ದಲ್ಲಿ ಹಣಕ್ಕಿಂತ ಕಾಡಿಸೋದು ಉಗುರು. ಉಗುರುಸುತ್ತು ಕೀವಾಗಿ ಚಪ್ಪಲಿ ಮೆಟ್ಟೋಕೂ ಆಗಲ್ಲ, ಗದ್ದೆ ಕೆಸರಿಗೆ ಇಳಿಯೋ ಮಾತೇ ಇಲ್ಲ. ಅರಿಶಿನ, ಬೇವು ಅರೆದು ಹಚ್ಚಿ.

ಡೇಕೇರ್ ನರ್ಸ್, ಮೈಸೂರು: ದಯವಿಟ್ಟು ಹಂಗೆ ಬರೀಬೇಡಿ. ಒಡೆದ ಚರ್ಮಕ್ಕೆ ಅರಿಶಿನ ಮೆತ್ತಿದ್ರೆ ಕೆಂಪು ಎಷ್ಟು ಹರಡಿದೆ ಅಂತಾನೇ ಕಾಣಲ್ಲ. ಮೊದಲ ದಿನದಿಂದಲೇ ಡಾಕ್ಸಿಸೈಕ್ಲಿನ್ (ಆಂಟಿಬಯಾಟಿಕ್ ಮಾತ್ರೆ) 100 ಮಿಗ್ರಾಂ ದಿನಕ್ಕೆರಡು ಸಲ ಹನ್ನೆರಡು ವಾರ, ಉಗುರಿಗೆ 4 ಶೇಕಡಾ ಕ್ಲೋರ್‌ಹೆಕ್ಸಿಡಿನ್ ತೊಳೆತ, ಸೆರಮೈಡ್ ಕ್ರೀಮು. ಹನ್ನೆರಡು ವಾರ ಆದ ಮೇಲೆ ನೆತ್ತಿಗೆ ಕ್ಲಿಂಡಾಮೈಸಿನ್ ಲೋಷನ್. ಡಾಕ್ಟರ ಹತ್ರ ಚೀಟಿ ಬರೆಸ್ಕೊಳ್ಳಿ.

ಪಾಂಡವಪುರ: ಗುಳ್ಳೆ ಎದ್ದ ಮೇಲೆ ಮಾತ್ರೆ ಬರ್ಕೊಟ್ರು ನಮಗೆ. ಮೊದಲೇ ಯಾರೂ ಬಾಯಿ ಬಿಡಲಿಲ್ಲ.

ಕುವೆಂಪುನಗರ: ಪೆಮೆಟ್ರೆಕ್ಸೆಡ್‌ಗೆ ಒಂದು ವಾರ ಮುಂಚೆಯೇ ಫೋಲಿಕ್ ಆಸಿಡ್, ಬಿ12 ಆಗಿರಬೇಕು. ಮರೆತ್ರೆ ಶ್ರೀರಂಗಪಟ್ಟಣದವರು ಹೇಳಿದ ಹಾಗೆ ನ್ಯೂಟ್ರೋಫಿಲ್ ಬೀಳೋದು ಇನ್ನೂ ಜಾಸ್ತಿ ಆಗುತ್ತೆ.

ಶ್ರೀರಂಗಪಟ್ಟಣ: ಒಪ್ಪಿದ್ರಲ್ಲ, ಸಾಕು. ವಯಲು ಬೆಂಗಳೂರಿಂದ ತರೋದಾದ್ರೆ 2ರಿಂದ 8 ಡಿಗ್ರಿ. ಜೆಲ್ ಪ್ಯಾಕ್ ನೇರ ತಾಗಿಸಬೇಡಿ, ಹೆಪ್ಪುಗಟ್ಟಿದ್ರೆ ಆ ವಯಲು ಬಳಸೋ ಹಾಗಿಲ್ಲ.